ಗುಮಾಸ್ತರ ಸೀನು

ಟಿವಿ ಸುದ್ದಿಯಲ್ಲಿ ಪರದೆಯ ಮೂಲೆಗೆ ಸಣ್ಣಕ್ಷರದಲ್ಲಿ ‘ಸಂಗ್ರಹ ಚಿತ್ರ’ ಎಂದು ಬರೆದಿರುತ್ತಾರೆ. ಅದನ್ನು ಯಾರೂ ಓದುವುದಿಲ್ಲ. ನಾನು ಓದುತ್ತೇನೆ, ಏಕೆಂದರೆ ನನ್ನ ಹೊಟ್ಟೆಪಾಡು ಅದೇ. ಒಂದು ಕನ್ನಡ ಸುದ್ದಿ ಚಾನೆಲ್ಲಿನ ಲೈಬ್ರರಿಯಲ್ಲಿ ವರ್ಷಗಟ್ಟಲೆ ಹಳೆಯ ಟೇಪುಗಳ ನಡುವೆ ಕೂತಿದ್ದೆ. ಈಗ ಆ ಕೆಲಸ ಬಿಟ್ಟು, ಜಯನಗರದ ಮನೆಯಿಂದಲೇ, ಸಾಕ್ಷ್ಯಚಿತ್ರ ಮಾಡುವವರಿಗೆ ಹಳೆಯ ದೃಶ್ಯಗಳನ್ನು ಹುಡುಕಿ ಕೊಡುತ್ತೇನೆ. ಬರುವವರೆಲ್ಲ ಕೇಳುವುದು ಒಂದೇ. “ಮೇಡಂ, ಹಳೇ ಬೆಂಗಳೂರು ಬೇಕು, ಆದ್ರೆ ತುಂಬಾ ಹಳೇದು ಅನ್ನಿಸ್ಬಾರ್ದು.” ಇಂಥವರಿಗೆ ಏನು ಕೊಡಬೇಕೋ ದೇವರಿಗೇ ಗೊತ್ತು. ಆದರೂ ಏನೋ ಒಂದು ಕೊಡುತ್ತೇನೆ, ಅವರೂ ಖುಷಿಯಾಗಿ ಹೋಗುತ್ತಾರೆ.

ಸಂಗ್ರಹ ಚಿತ್ರದಲ್ಲಿರುವವರಿಗೆ ವಯಸ್ಸಾಗುವುದಿಲ್ಲ, ಕಷ್ಟವೂ ಮುಗಿಯುವುದಿಲ್ಲ. ಈರುಳ್ಳಿ ಬೆಲೆ ಏರಿತೆಂದರೆ ಹಸಿರು ಬಳೆಯ ಒಂದು ಕೈ ಬಂದು ಅದೇ ಈರುಳ್ಳಿಯನ್ನು ಎತ್ತಿ ಅದೇ ಜಾಗದಲ್ಲಿ ಇಡುತ್ತದೆ. ಬೊಜ್ಜಿನ ಸುದ್ದಿ ಬಂದರೆ ಕತ್ತಿನಿಂದ ಕೆಳಗಷ್ಟೇ ಇರುವ ನಾಲ್ಕು ಜನ ಪಾರ್ಕಿನಲ್ಲಿ ಓಡಾಡುತ್ತಾರೆ. ಜೋರು ಮಳೆ ಬಂದರೆ ಒಂದು ಆಟೊ ಅಂಡರ್‌ಪಾಸಿನ ನೀರಿನಲ್ಲಿ ಮುಳುಗುತ್ತದೆ. ಪಾಪ, ಪ್ರತಿ ಮಳೆಗಾಲಕ್ಕೂ ಅದೇ ಆಟೊ. ಆ ಡ್ರೈವರಣ್ಣ ಸೀಟಿನ ಮೇಲೆ ನಿಂತು ಯಾರನ್ನೋ ಬೈಯುತ್ತಿರುತ್ತಾರೆ, ಅದು ನಮ್ಮನ್ನೇ ಅಂತ ನನಗೆ ಗುಮಾನಿ. ನನಗೆ ಸಿಟ್ಟು ಬೇಗ ಬರುತ್ತದೆ. ಸುದ್ದಿ ವಿಭಾಗದ ಹುಡುಗರಿಗೆ ಎಷ್ಟೋ ಸಲ ಹೇಳಿದ್ದೆ, “ಗುರು, ಹೊರಗೆ ಹೊಸ ಮಳೆ ಬಂದಿದೆ, ಹೋಗಿ ಶೂಟ್ ಮಾಡ್ಕೊಂಡ್ ಬಾ.” ಅವರು ನಕ್ಕು, “ಮಳೇಲಿ ಕ್ಯಾಮೆರಾ ನೆನೆಯತ್ತೆ ಅಕ್ಕ,” ಎಂದು ಅದೇ ಆಟೊ ತೆಗೆದುಕೊಂಡು ಹೋಗುತ್ತಿದ್ದರು.

ಇಂಥ ಚಿರಂಜೀವಿಗಳ ಸಾಲಿನಲ್ಲಿ ಎಲ್ಲರಿಗಿಂತ ಬೇಡಿಕೆ ಇದ್ದವರು ಒಬ್ಬ ಗುಮಾಸ್ತರು. ಸರ್ಕಾರಿ ಕಚೇರಿಯಲ್ಲಿ ಕೆಲಸ ಆಗುತ್ತಿಲ್ಲ ಎಂಬ ಸುದ್ದಿ ಬಂದಾಗಲೆಲ್ಲ ಅವರು ಹಾಜರು. ಮೇಜಿನ ಎರಡೂ ಕಡೆ ಕಡತಗಳ ಗುಡ್ಡೆ, ನಡುವೆ ಅರ್ಧ ತೋಳಿನ ಅಂಗಿ, ಮೂಗಿನ ತುದಿಗೆ ಜಾರಿದ ಕನ್ನಡಕ. ಕಡತದ ಮೇಲೆ ಎರಡೂ ಕೈ ಇಟ್ಟುಕೊಂಡು ಏನೋ ಓದುತ್ತಿರುತ್ತಾರೆ. ನಿಧಾನವಾಗಿ ತಲೆ ಹಿಂದಕ್ಕೆ ಹೋಗುತ್ತದೆ, ಕಣ್ಣು ಮುಚ್ಚುತ್ತದೆ, ಬಾಯಿ ಗುಹೆಯ ಹಾಗೆ ತೆರೆಯುತ್ತದೆ. ಅಲ್ಲಿಗೆ ದೃಶ್ಯ ಮುಗಿಯುತ್ತದೆ. ಚಾನೆಲ್ಲಿನ ಕಂಪ್ಯೂಟರಿನಲ್ಲಿ ಅದರ ಹೆಸರು ‘ಸರ್ಕಾರಿ ಆಕಳಿಕೆ’. ಹೆಸರಿಟ್ಟವರು ನನಗಿಂತ ಮೊದಲು ಆ ಕುರ್ಚಿಯಲ್ಲಿ ಕೂತಿದ್ದವರು.

ಹೋದ ವರ್ಷ ಒಬ್ಬ ಯುವ ನಿರ್ದೇಶಕಿ ಮನೆಗೆ ಬಂದಳು. ಜೆ.ಪಿ. ನಗರದಲ್ಲಿ ಸಣ್ಣ ಆಫೀಸು, ಬಾಯಿ ತುಂಬ ಮಾತು. ಒಂದು ಕಾಗದಕ್ಕಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ಜನರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದಳು. “ಅಕ್ಕ, ಚಿಕ್ಕವಳಿದ್ದಾಗ ಟಿವೀಲಿ ಒಬ್ರು ಆಕಳಿಸ್ತಿದ್ರಲ್ಲ, ಅವ್ರು ಬೇಕು. ನನ್ನ ಫಿಲ್ಮ್ ಅವರ ಬಾಯಿಂದಾನೇ ಶುರು,” ಎಂದಳು. ನನಗೆ ನಗು ಬಂತು. ಚಾನೆಲ್ಲಿಗೆ ಒಂದು ಫೋನ್ ಮಾಡಿದರೆ ಸಿಗುವ ದೃಶ್ಯ, ತಲೆನೋವಿಲ್ಲದ ಕೆಲಸ. ಆಗಲಿ ಎಂದೆ.

ಆ ವಾರವೇ ಯಡಿಯೂರು ಕೆರೆಯ ಸುತ್ತ ಬೆಳಗಿನ ವಾಕಿಂಗ್ ಹೋಗಿದ್ದೆ. ಎದುರಿಗೆ ಒಬ್ಬ ಹಿರಿಯರು ಹೆಂಡತಿಯ ಜೊತೆ ಬರುತ್ತಿದ್ದರು. ತಲೆ ಪೂರ್ತಿ ನೆರೆತಿತ್ತು, ಕನ್ನಡಕ ಮಾತ್ರ ಮೂಗಿನ ತುದಿಯಲ್ಲೇ ಇತ್ತು. ನನ್ನ ಚಿಕ್ಕಪ್ಪಂದಿರ ಮುಖ ಮರೆತರೂ ಮರೆತೇನು, ಆ ಮುಖ ಮರೆಯುವ ಹಾಗಿರಲಿಲ್ಲ. ಅಷ್ಟು ಸಲ ನೋಡಿದ್ದೆ. ಯೋಚನೆ ಮಾಡುವ ಮೊದಲೇ ಬಾಯಿ ಮುಂದೆ ಹೋಯಿತು.

“ಸಾರ್, ನಿಮ್ಮನ್ನ ಎಲ್ಲೋ ನೋಡಿದೀನಿ.”

“ನೋಡಿರ್ತೀರಮ್ಮ. ಎಲ್ರೂ ನೋಡಿದಾರೆ,” ಎಂದು ಅವರು ಮುಖ ಗಂಟಿಕ್ಕಿಕೊಂಡರು.

ನಾನು ಇರುವ ವಿಷಯ ಹೇಳಿದೆ. ಟೇಪ್ ಲೈಬ್ರರಿಯಲ್ಲಿದ್ದೆ, ಈಗ ಒಂದು ಸಾಕ್ಷ್ಯಚಿತ್ರಕ್ಕೆ ಅವರ ದೃಶ್ಯ ಕೇಳಿದ್ದಾರೆ ಎಂದೆ. ಅವರು ದಾರಿಯ ನಡುವೆಯೇ ನಿಂತುಬಿಟ್ಟರು.

“ಅದು ಸೀನಮ್ಮ.”

“ಹೌದು ಸಾರ್, ಒಳ್ಳೇ ಸೀನು.”

“ಒಳ್ಳೇ ಸೀನು ಅಂದ್ರೆ? ಸೀನೋದ್ರಲ್ಲಿ ಒಳ್ಳೇದು ಕೆಟ್ಟದ್ದು ಬೇರೆ ಇರತ್ತಾ?”

ನನಗೆ ಅರ್ಥವಾಗುವುದಕ್ಕೆ ಒಂದು ಗಳಿಗೆ ಹಿಡಿಯಿತು. ನಮಗೆ, ಟಿವಿಯವರಿಗೆ, ಸೀನು ಎಂದರೆ ಒಂದೇ, ಕ್ಯಾಮೆರಾ ಮುಂದೆ ನಡೆಯುವ ದೃಶ್ಯ. ಅವರು ಹೇಳುತ್ತಿದ್ದದ್ದು ಮೂಗಿನ ಸೀನು. ಪಕ್ಕದಲ್ಲಿದ್ದ ಹೆಂಡತಿ, “ಶುರುವಾಯ್ತು,” ಎಂದು ಕಲ್ಲುಬೆಂಚಿನ ಮೇಲೆ ಕೂತರು. ಆಕೆ ಈ ಕಥೆಯನ್ನು ಬಹಳ ಸಲ ಕೇಳಿದ್ದಾರೆ ಎಂದು ಆ ಕೂರುವ ರೀತಿಯಲ್ಲೇ ತಿಳಿಯುತ್ತಿತ್ತು.

ಅಂಕಲ್ ವಾದ ಇಷ್ಟು. ಅವರಿದ್ದದ್ದು ಹಳೆಯ ಕಡತಗಳ ವಿಭಾಗದಲ್ಲಿ, ದಾರ ಬಿಚ್ಚಿದರೆ ಧೂಳು. ಆ ದಿನ ಟಿವಿಯವರು ಬಂದಾಗ ಮೂಗಿಗೆ ಧೂಳು ಹೊಡೆದು ಸೀನು ಬಂತು. ಬಾಯಿ ತೆರೆದದ್ದು ಸೀನುವುದಕ್ಕೆ. ಟಿವಿಯವರು ಬಾಯಿ ತೆರೆಯುವವರೆಗೆ ಇಟ್ಟುಕೊಂಡು ಸೀನನ್ನು ಕತ್ತರಿಸಿದರು. ಜನ ಅದನ್ನು ಆಕಳಿಕೆ ಅಂದುಕೊಂಡರು.

“ನಾನು ಚಿಟಿಕೆ ಹೊಡೀದೇ ಜನ್ಮದಲ್ಲಿ ಆಕಳಿಸಿಲ್ಲ. ಆಕಳಿಕೆ ಬಂದ್ರೆ ಕೈ ತಾನಾಗೇ ಬಾಯಿ ಮುಂದೆ ಹೋಗತ್ತೆ, ನಮ್ಮಮ್ಮ ಹಾಗೆ ಬೆಳೆಸಿದಾರೆ. ಆ ಚಿತ್ರದಲ್ಲಿ ನನ್ನ ಕೈ ಎಲ್ಲಿದೆ ಹೇಳಿ? ಎರಡೂ ಫೈಲ್ ಮೇಲಿದೆ!”

ಆ ದೃಶ್ಯವನ್ನು ಲೆಕ್ಕವಿಲ್ಲದಷ್ಟು ಸಲ ನೋಡಿದ್ದೆ, ಆ ಕೈಗಳನ್ನು ನೋಡಿಯೇ ಇರಲಿಲ್ಲ. ನಮ್ಮ ಮನೆಯಲ್ಲೂ ಹಿರಿಯರು ಆಕಳಿಸಿದರೆ ಬಾಯಿಯ ಮುಂದೆ ಟಕಟಕನೆ ಚಿಟಿಕೆ ಹೊಡೆಯುತ್ತಿದ್ದರು. ಹಾಗೆ ಬೆಳೆದವರ ಕೈ ಸುಮ್ಮನಿರುವುದಿಲ್ಲ.

“ಇವ್ರು ಮನೇಲಿ ಚಿಟಿಕೆ ಹೊಡ್ಕೊಂಡೇ ಆಕಳಿಸೋದು, ಅದು ನಿಜ,” ಎಂದರು ಆಂಟಿ. “ಆದ್ರೆ ದಿನಾ ಆಕಳಿಸ್ತಾರೆ, ಅದೂ ನಿಜ.”

ಅಂಕಲ್ ಆಕೆಯ ಕಡೆ ತಿರುಗಿಯೂ ನೋಡಲಿಲ್ಲ.

ಅವರ ಮನೆ ಬನಶಂಕರಿಯಲ್ಲಿ. ಎರಡು ದಿನ ಬಿಟ್ಟು ಹೋದೆ. ಆಂಟಿ ಕಾಫಿಯ ಜೊತೆ ಕೋಡುಬಳೆ ತಂದಿಟ್ಟರು, ಅಂಕಲ್ ಮನಸ್ಸು ಬಿಚ್ಚಿದರು. ಕೇಳುತ್ತಾ ಕೇಳುತ್ತಾ ನನ್ನ ನಗು ಕಡಿಮೆಯಾಯಿತು. ನೆಂಟರ ಮದುವೆಗೆ ಹೋದರೆ ಹುಡುಗರು ಇವರ ಕಡೆ ನೋಡಿ ಬಾಯಿ ತೆರೆದು ನಗುತ್ತಾರಂತೆ. ನಿವೃತ್ತ ನೌಕರರ ಸಭೆಯಲ್ಲಿ ಯಾರೋ ಮೈಕಿನಲ್ಲೇ, “ನಮ್ಮ ಟಿವಿ ಸ್ಟಾರ್ ಬಂದ್ರು, ದಿಂಬು ಕೊಡಿ,” ಎಂದರಂತೆ. ಅವತ್ತಿನಿಂದ ಅವರು ಸಭೆಗೆ ಹೋಗುವುದನ್ನೇ ಬಿಟ್ಟಿದ್ದರು. ಗುಂಪಿನ ಫೋಟೋ ತೆಗೆಯುವಾಗ ಎದ್ದು ಹಿತ್ತಲಿಗೆ ಹೋಗುತ್ತಿದ್ದರು.

“ಟಿವೀಲಿ ಬರೋದು ಹೇಗೋ ಆಯ್ತು, ಚಾನೆಲ್ ತಿರುಗಿಸ್ಬಹುದು,” ಎಂದರು. “ಫಿಲ್ಮ್‌ಗೆ ಹೋದ್ರೆ ಅದು ಉಳ್ಕೊಂಡ್‌ಬಿಡತ್ತಮ್ಮ. ನಾನು ಸತ್ತ ಮೇಲೂ ಬಾಯಿ ತೆರ್ಕೊಂಡೇ ಇರ್ತೀನಿ. ಇಡೀ ಸರ್ವೀಸ್ ಮಾಡಿದ್ದು ಅಷ್ಟೇ ಅನ್ನೋ ಹಾಗೆ.”

ಆಂಟಿ ಕೋಡುಬಳೆ ತಟ್ಟೆಯನ್ನು ನನ್ನ ಕಡೆ ಸರಿಸಿ, “ತಗೋಮ್ಮ,” ಎಂದು ಮಾತು ಬದಲಿಸಿದರು. ನನಗೆ ಆ ಕ್ಷಣದಲ್ಲಿ ಇಡೀ ಸಂಗ್ರಹ ಚಿತ್ರದ ಮೇಲೇ ಸಿಟ್ಟು ಬಂತು. ಈ ಮನುಷ್ಯನನ್ನು ಒಂದು ಸಲವಾದರೂ ಯಾರಾದರೂ ಕೇಳಿದ್ದರೇ?

ಸಂಜೆಯೇ ನಿರ್ದೇಶಕಿಗೆ ಫೋನ್ ಮಾಡಿದೆ. ಅವಳೂ ಕೆಟ್ಟವಳಲ್ಲ. ಪೂರ್ತಿ ಕೇಳಿಸಿಕೊಂಡು, “ಅಕ್ಕ, ಎಲ್ರೂ ಕ್ಯಾಮೆರಾದಲ್ಲಿ ಸಿಕ್ಕಿಹಾಕ್ಕೊಂಡ್ ಮೇಲೆ ಹಾಗೇ ಹೇಳ್ತಾರೆ,” ಎಂದಳು. “ಒರಿಜಿನಲ್ ತೋರ್ಸಿ. ಸೀನಿದ್ರೆ ಸೀನೇ ಹಾಕ್ತೀನಿ, ಪ್ರಾಮಿಸ್. ಇಲ್ಲಾಂದ್ರೆ ಆಕಳಿಕೆ ಇರತ್ತೆ. ಅದಿಲ್ದೆ ನನ್ನ ಫಿಲ್ಮ್ ಶುರುವಾಗಲ್ಲ.”

ಒರಿಜಿನಲ್ ಎಂದರೆ ಆ ದಿನ ಕ್ಯಾಮೆರಾ ತೆಗೆದ ಕತ್ತರಿಸದ ಟೇಪು. ಅದು ಸಿಗುವುದು ಸುಲಭವಲ್ಲ. ಆಗಿನ ಕಾಲದಲ್ಲಿ ಹೊಸ ಟೇಪು ಕೊಡುವುದೆಂದರೆ ಚಾನೆಲ್ಲಿನವರಿಗೆ ಪ್ರಾಣ ಹೋಗುತ್ತಿತ್ತು. ಬೇಕಾದ ತುಣುಕನ್ನು ಬೇರೆ ಕಡೆ ನಕಲು ಮಾಡಿಕೊಂಡು, ಅದೇ ಟೇಪನ್ನು ಹಿಂದಕ್ಕೆ ಸುತ್ತಿ ಮತ್ತೊಂದು ಶೂಟಿಂಗಿಗೆ ಕೊಡುತ್ತಿದ್ದರು. ಮಂತ್ರಿಯ ಭಾಷಣದ ಮೇಲೆ ನಾಯಿ ಪ್ರದರ್ಶನ, ನಾಯಿ ಪ್ರದರ್ಶನದ ಮೇಲೆ ಬಜೆಟ್. ಎಲ್ಲ ಒಂದೇ ತಟ್ಟೆಯಲ್ಲಿ ಬಡಿಸಿದ ಹಾಗೆ.

ಚಾನೆಲ್ಲಿನ ಹಳೆಯ ಟೇಪುಗಳೆಲ್ಲ ಈಗ ಬಿಟಿಎಂ ಲೇಔಟಿನ ಒಂದು ಕೋಣೆಯಲ್ಲಿವೆ. ಅಲ್ಲಿ ಅವನ್ನು ಒಂದೊಂದಾಗಿ ಕಂಪ್ಯೂಟರಿಗೆ ಇಳಿಸುತ್ತಾರೆ. ಇಳಿಸುವವರು ಹುಬ್ಬಳ್ಳಿ ಕಡೆಯವರು, ಹತ್ತಿರದಲ್ಲೇ ಬಾಡಿಗೆ ಮನೆ. ಅವರಿಗೂ ನನಗೂ ಹಳೆಯ ಸ್ನೇಹ, ಹಳೆಯ ಜಗಳ. ಚಾನೆಲ್ಲಿನ ಕಂಪ್ಯೂಟರಿನಲ್ಲಿ ‘ಸರ್ಕಾರಿ ಆಕಳಿಕೆ’ ಎಂಬ ಹೆಸರಿನ ಕೆಳಗೆ, ಅದು ಯಾವ ಟೇಪಿನಿಂದ ಬಂತೆಂದು ಕ್ಯಾಮೆರಾಮನ್ ಡಬ್ಬಿಯ ಮೇಲೆ ಬರೆದಿದ್ದನ್ನು ಹಾಗೆಯೇ ಇಳಿಸಿಕೊಂಡಿದ್ದರು. ಅದನ್ನು ಚಾನೆಲ್ಲಿನಿಂದ ತರಿಸಿಕೊಂಡು ಅವರಿಗೆ ಫೋನಿನಲ್ಲಿ ಓದಿ ಹೇಳಿದೆ.

“ಗುಮಾಸ್ತರ ಸೀನು.”

“ಯಾವ ಸೀನರೀ ಮೇಡಂ? ನೆಗಡಿ ಸೀನೋ, ಸಿನಿಮಾ ಸೀನೋ?” ಎಂದರು ಅವರು ತಮಾಷೆಗೆ.

ನಾನು ಫೋನ್ ಹಿಡಿದುಕೊಂಡೇ ಕುರ್ಚಿಯಲ್ಲಿ ಕೂತೆ. ಆ ಎರಡು ಪದ ಎಷ್ಟು ವರ್ಷದಿಂದ ನನ್ನ ಕಣ್ಣ ಮುಂದಿತ್ತು! ಗುಮಾಸ್ತರೊಬ್ಬರ ದೃಶ್ಯ, ಅಷ್ಟೇ ಎಂದುಕೊಂಡಿದ್ದೆ. ಹೆಸರಿಟ್ಟವರೂ ಹಾಗೇ ಅಂದುಕೊಂಡಿರಬೇಕು. ಕ್ಯಾಮೆರಾಮನ್ ಪುಣ್ಯಾತ್ಮ ಬರೆದದ್ದು ನೆಗಡಿಯ ಸೀನನ್ನೇ. ಓದಿದವರು ಸಿನಿಮಾ ಸೀನು ಎಂದುಕೊಂಡು, ಟೇಪು ಹಾಕಿ ನೋಡಿ, ಬಾಯಿ ಪೂರ್ತಿ ತೆರೆದಲ್ಲಿಗೆ ಕತ್ತರಿಸಿ, ಆಕಳಿಕೆ ಎಂದು ಹೆಸರಿಟ್ಟು ಕೈ ತೊಳೆದುಕೊಂಡಿದ್ದರು. ಇಂಥ ಎಡವಟ್ಟು ಕನ್ನಡದಲ್ಲಿ ಮಾತ್ರ ಸಾಧ್ಯ ಎಂದು ನನಗೆ ನಗು ಬಂತು, ಅಂಕಲ್ ಮುಖ ನೆನಪಾಗಿ ಅದೂ ನಿಂತಿತು.

ಆದರೆ ಡಬ್ಬಿಯ ಮೇಲಿನ ಬರಹ ತೋರಿಸಿದರೆ ನಿರ್ದೇಶಕಿ ನಂಬುವಳೇ? ಸಿನಿಮಾದವಳು, ಆ ಬರಹದ ಸೀನನ್ನು ದೃಶ್ಯ ಎಂದೇ ಓದುತ್ತಾಳೆ. ಟೇಪೇ ಬೇಕಿತ್ತು.

ಟೇಪು ಸಿಕ್ಕಿತು. ಡಬ್ಬಿಯ ಮೇಲಿನ ಹಳೆಯ ಬರಹದ ಪಕ್ಕದಲ್ಲೇ ಹೊಸ ಚೀಟಿ ಅಂಟಿತ್ತು: ‘ಹೂವಿನ ಪ್ರದರ್ಶನ’. ಬಿಟಿಎಂ ಕೋಣೆಗೆ ಹೋಗಿ ಕೂತು ನೋಡಿದೆ. ಗುಲಾಬಿ, ಡೇಲಿಯಾ, ಸೇವಂತಿಗೆಯಲ್ಲಿ ಮಾಡಿದ ಆನೆ, ಮತ್ತೆ ಗುಲಾಬಿ. ಗುಮಾಸ್ತರ ಸೀನಿನ ಮೇಲೆ ಹೂವು ಹಾಕಿ ಮುಚ್ಚಿಬಿಟ್ಟಿದ್ದರು. ಹೂವಿನ ಮೇಲೆ ಅಷ್ಟೊಂದು ಕೋಪ ನನಗೆ ಹಿಂದೆಂದೂ ಬಂದಿರಲಿಲ್ಲ. ಬೇಸರವಾಗಿ, ಊಟ ಮಾಡಿ ಬರುತ್ತೇನೆಂದು ಪಕ್ಕದ ದರ್ಶಿನಿಗೆ ಹೋದೆ. ಅರ್ಧ ದೋಸೆ ತಿಂದಿದ್ದೆ, ಫೋನ್ ಬಂತು.

“ಮೇಡಂ, ಜಲ್ದಿ ಬರ್ರೀ. ಹೂವು ಮುಗದ ಮ್ಯಾಲೆ ಆಫೀಸ್ ಬಂದೈತ್ರಿ.”

ದೋಸೆ ಬಿಟ್ಟು ಓಡಿದೆ. ಹೂವಿನ ಶೂಟಿಂಗು ಸ್ವಲ್ಪ ಬೇಗ ಮುಗಿದಿತ್ತು, ಅದರ ಬಾಲದ ಕೆಳಗೆ ಹಳೆಯ ಚಿತ್ರದ ಒಂದು ತುಂಡು ಉಳಿದುಕೊಂಡಿತ್ತು. ಕೊನೆಯ ಸೇವಂತಿಗೆಯ ಚಿತ್ರ ಕುಣಿದಾಡಿ ಒಡೆದು, ಕಚೇರಿ ಮೂಡಿತು. ಆದರೆ ಸೀನು ಹೋಗಿತ್ತು. ಬಾಯಿ ತೆರೆದದ್ದು, ಸೀನಿದ್ದು ಎರಡೂ ಹೂವಿನ ಪಾಲಾಗಿತ್ತು. ಉಳಿದದ್ದು ಅದರ ಮರುಗಳಿಗೆಯಿಂದ. ಸದ್ದು ಪೂರ್ತಿ ಸತ್ತಿತ್ತು. ಕ್ಯಾಮೆರಾ ಹಿಂದಕ್ಕೆ ಸರಿದು ಇಡೀ ಕೋಣೆ ಕಾಣುತ್ತಿತ್ತು. ಅಂಕಲ್ ಕರವಸ್ತ್ರದಿಂದ ಮೂಗು ಒರೆಸಿಕೊಳ್ಳುತ್ತಿದ್ದರು. ಬಾಗಿಲಲ್ಲಿ ಒಬ್ಬ ಅಜ್ಜಿ, ಕೈಯಲ್ಲಿ ಕೊಡೆ, ಒಂದು ಕಾಲು ಹೊಸ್ತಿಲ ಆಚೆ ಇಟ್ಟಿದ್ದರು. ಆಕೆ ಹಾಗೇ ನಿಂತು, ಹಿಂದಿರುಗಿ ನೋಡಿ, ಕಾಲನ್ನು ಒಳಗೆ ತೆಗೆದುಕೊಂಡು, ಬಂದು ಬೆಂಚಿನ ಮೇಲೆ ಕೂತುಬಿಟ್ಟರು. ಹೊರಟಿದ್ದ ಇನ್ನೊಬ್ಬರು ಕೂಡ ಬಾಗಿಲ ಬಳಿ ಗೋಡೆಗೆ ಒರಗಿದರು. ಜವಾನರು ಹೂಜಿಯಿಂದ ನೀರು ಬಗ್ಗಿಸಿ ಅಜ್ಜಿಗೆ ಕೊಟ್ಟರು.

ನನಗೂ ಹುಬ್ಬಳ್ಳಿಯವರಿಗೂ ಮಾತು ಬೇಕಾಗಲಿಲ್ಲ. ಒಂಟಿ ಸೀನು! ಹೊರಡುವಾಗ ಯಾರಾದರೂ ಒಂದೇ ಒಂದು ಸೀನು ಸೀನಿದರೆ ಅಪಶಕುನ, ಕೂತು, ನೀರು ಕುಡಿದು ಆಮೇಲೆ ಹೊರಡಬೇಕು. ಆಕಳಿಕೆಗೆ ಯಾರೂ ಹೊಸ್ತಿಲಿಂದ ಹಿಂದಕ್ಕೆ ಬರುವುದಿಲ್ಲ.

ನಿರ್ದೇಶಕಿಗೆ ಆ ತುಣುಕನ್ನು ಕಳಿಸಿದೆ. “ಸೀನು ಎಲ್ಲಿದೆ ಅಕ್ಕ? ಆ ಅಜ್ಜಿ ಯಾಕೆ ವಾಪಸ್ ಬಂದು ಕೂತ್ಕೊಂಡ್ರು?” ಎಂದಳು. ನನ್ನ ಸಿಟ್ಟು ನೆತ್ತಿಗೇರಿತು. “ನಿಮ್ಮಜ್ಜಿಗೆ ತೋರ್ಸು. ಏನೂ ಹೇಳ್ಬೇಡ, ಸುಮ್ನೆ ತೋರ್ಸು,” ಎಂದು ಫೋನ್ ಇಟ್ಟೆ. ಉತ್ತರಹಳ್ಳಿಯಲ್ಲಿರುವ ಅವಳ ಅಜ್ಜಿ ಮೊಮ್ಮಗಳ ಫೋನಿನಲ್ಲಿ ನೋಡಿದರಂತೆ. ನೋಡಿದವರೇ, “ಯಾರೋ ಸೀನಿರ್ಬೇಕು,” ಎಂದರಂತೆ. ರಾತ್ರಿಯೊಳಗೆ ಅವಳ ಮೆಸೇಜು ಬಂತು. ಬಾಯಿ ತೆರೆಯುವುದರ ಪಕ್ಕದಲ್ಲೇ ಇದನ್ನೂ ಹಾಕುತ್ತೇನೆ, ಅಂಕಲ್ ಒಪ್ಪಿದರೆ ಮಾತ್ರ, ಎಂದು ಬರೆದಿದ್ದಳು.

ಗೆದ್ದ ಹುಮ್ಮಸ್ಸಿನಲ್ಲಿ ಅಂಕಲ್ ಆಂಟಿ ಇಬ್ಬರನ್ನೂ ಆಟೊದಲ್ಲಿ ಬಿಟಿಎಂಗೆ ಕರೆದುಕೊಂಡು ಹೋದೆ. ಹುಬ್ಬಳ್ಳಿಯವರು ಕುರ್ಚಿ ಒರೆಸಿ ಕೂರಿಸಿ ಟೇಪು ಹಾಕಿದರು. ಹೂವು ಬಂತು. ಅವರು ಮುಂದಕ್ಕೆ ಓಡಿಸಲು ಹೋದರೆ ಆಂಟಿ, “ಇರ್ಲಿ ಬಿಡಪ್ಪ, ಡೇಲಿಯಾ ಎಷ್ಟು ಚೆನ್ನಾಗಿದೆ,” ಎಂದರು. ಅಂಕಲ್ ತೊಡೆಯ ಮೇಲೆ ಬೆರಳು ಬಡಿಯುತ್ತಿದ್ದರು. ಆಮೇಲೆ ಕಚೇರಿ ಬಂತು.

“ಅಯ್ಯೋ, ನಿಮ್ ಕೂದ್ಲು ನೋಡಿ!” ಎಂದು ಆಂಟಿ ಕೂಗಿದರು. ಕರವಸ್ತ್ರ ಬಂತು, ಹೊಸ್ತಿಲಿಂದ ಕಾಲು ತೆಗೆದ ಅಜ್ಜಿ ಬಂದರು, ನೀರು ಬಂತು. ಆಂಟಿ ಗಂಡನ ತೋಳು ಹಿಡಿದುಕೊಂಡರು. “ಸೀನೇ ಕಣ್ರೀ! ಒಂಟಿ ಸೀನು! ಛೆ, ನಾನೂ ನಿಮ್ಮನ್ನ ನಂಬಿರ್ಲಿಲ್ವಲ್ಲ.” ಆಕೆಯ ಕಣ್ಣಲ್ಲಿ ನೀರಾಡಿತು. ನನಗೂ ಚಪ್ಪಾಳೆ ತಟ್ಟುವ ಹಾಗಾಗಿತ್ತು.

ಅಂಕಲ್ ಮಾತ್ರ ಮಿಸುಕಲಿಲ್ಲ. ಅವರು ತಮ್ಮನ್ನು ನೋಡುತ್ತಿರಲಿಲ್ಲ, ಅಜ್ಜಿಯನ್ನು ನೋಡುತ್ತಿದ್ದರು. “ಇನ್ನೊಂದ್ಸಲ ಹಾಕಪ್ಪ,” ಎಂದರು.

ಎರಡನೆಯ ಸಲ ನಾನೂ ಸರಿಯಾಗಿ ನೋಡಿದೆ. ಸೀನಿನ ಸಂಭ್ರಮದಲ್ಲಿ ಅದರ ನಂತರದ್ದನ್ನು ನಾನು ಲಕ್ಷ್ಯಕ್ಕೇ ತೆಗೆದುಕೊಂಡಿರಲಿಲ್ಲ. ಅಜ್ಜಿ ನೀರು ಕುಡಿದು, ಲೋಟ ಕೆಳಗಿಟ್ಟು, ಕೊಡೆಯನ್ನು ಎರಡು ಕೈಯಲ್ಲಿ ಹಿಡಿದು ಕಾಯುತ್ತಾ ಕೂತಿದ್ದಾರೆ. ಅಂಕಲ್ ಕರವಸ್ತ್ರ ಮಡಿಸಿ ಜೇಬಿಗೆ ಹಾಕುತ್ತಾ ಕನ್ನಡಕದ ಮೇಲಿನಿಂದ ಆಕೆಯನ್ನು ನೋಡುತ್ತಾರೆ. ಕಡತದ ಕಡೆ ತಿರುಗುತ್ತಾರೆ. ಮತ್ತೆ ಆಕೆಯನ್ನು ನೋಡುತ್ತಾರೆ. ಆಮೇಲೆ ಕೈ ಎತ್ತಿ, ಬನ್ನಿ ಎಂದು ಕರೆಯುತ್ತಾರೆ. ಅಜ್ಜಿ ಎದ್ದು ಮೇಜಿನ ಹತ್ತಿರ ಬರುತ್ತಾರೆ. ಇವರು ಗುಡ್ಡೆಯ ಕೆಳಗಿನಿಂದ ಒಂದು ಕಡತ ಎಳೆದು, ಅದರ ದಾರ ಬಿಚ್ಚುತ್ತಾರೆ. ಅಲ್ಲಿಗೆ ಪರದೆ ಬೂದಿಯ ಬಣ್ಣಕ್ಕೆ ತಿರುಗಿತು.

“ನಾಳೆ ಬನ್ನಿ ಅಂದಿದ್ದೆ ಆಕೆಗೆ,” ಎಂದರು ಅಂಕಲ್. “ಈಗ ನೆನಪಾಯ್ತು. ಮೊದ್ಲೂ ಒಂದೆರಡು ಸಲ ಹಾಗೇ ಕಳಿಸಿದ್ದೆ. ಹೊರಟ್ಹೋಗ್ತಿದ್ರು. ಸೀನು ಬಂತು, ಕೂತ್ಕೊಂಡ್ರು. ಎದುರಿಗೇ ಕೂತಿದ್ರಲ್ಲ, ಅದಕ್ಕೆ ಕರೆದೆ.” ಕನ್ನಡಕ ತೆಗೆದು ಕೈಯಲ್ಲಿ ಹಿಡಿದು, “ಸೀನ್ದೇ ಇದ್ದಿದ್ರೆ ಟಿವಿಯವ್ರು ಹೇಳಿದ್ದು ಸುಳ್ಳೇನಲ್ಲಮ್ಮ,” ಎಂದರು.

ಅವರು ಹುಬ್ಬಳ್ಳಿಯವರ ಕಡೆ ತಿರುಗಿದರು.

“ಮುಂದಿಂದು ಹಾಕಪ್ಪ.”

“ಟೇಪ್ ಮುಗೀತ್ರೀ ಸರ್,” ಎಂದರು ಹುಬ್ಬಳ್ಳಿಯವರು ಮೆಲ್ಲಗೆ.

“ಮಾಡ್ಕೊಟ್ನಾ ನಾನು ಆ ಕೆಲ್ಸ?”

“ಮಾಡ್ಕೊಟ್ಟಿರ್ತೀರಿ ಸಾರ್,” ಎಂದೆ ನಾನು ಅವಸರದಲ್ಲಿ.

“ನಿಮಗೆ ಹೇಗ್ ಗೊತ್ತು?” ಎಂದು ಅವರು ಹೆಂಡತಿಯ ಕಡೆ ತಿರುಗಿದರು. ಎಲ್ಲದಕ್ಕೂ ಮಾತು ತಯಾರಿಟ್ಟುಕೊಂಡಿರುವ ಆಂಟಿ, ಗಂಡನ ತೋಳನ್ನು ಹಿಡಿದ ಕೈ ಬಿಡದೆ, ಖಾಲಿ ಪರದೆಯನ್ನೇ ನೋಡುತ್ತಿದ್ದರು. ಸೀನಿನ ವಿಷಯದಲ್ಲಿ ಇಷ್ಟು ವರ್ಷ ಒಂದಿಷ್ಟೂ ಅಲುಗಾಡದ ಮನುಷ್ಯನಿಗೆ ಇದರಲ್ಲಿ ಮಾತ್ರ ಏನೂ ಖಾತ್ರಿ ಇರಲಿಲ್ಲ.

ನಿರ್ದೇಶಕಿಗೆ ಏನು ಹೇಳಲಿ ಎಂದು ಕೇಳಲು ನನಗೆ ಧೈರ್ಯ ಬರಲಿಲ್ಲ. ಅವರೇ ಹೇಳಿದರು.

“ಬಾಯಿ ತೆರೆದಿದ್ದು ಬೇಕಾದ್ರೆ ಇಟ್ಕೊಳ್ಳಲಿ. ಆಕಳಿಕೆ ಅಂತಾನೇ ಅಂದ್ಕೊಳ್ಳಲಿ ಜನ, ಪರವಾಗಿಲ್ಲ. ಆ ದಾರ ಬಿಚ್ಚಿದ್ದನ್ನ ಮಾತ್ರ ಕಟ್ ಮಾಡ್ಬೇಡ ಅಂತ ಹೇಳಮ್ಮ ಆ ಹುಡುಗೀಗೆ.”

ಹೇಳುತ್ತೇನೆ ಎಂದೆ.